ಕುರಿಮರಿಯ ದಮ್ಮು: ಚಳಿಯನ್ನಷ್ಟೇ ದೂರಬೇಡಿ, ರೊಪ್ಪವನ್ನೂ ನೋಡಿ

ಚಿತ್ರದುರ್ಗ ಜಿಲ್ಲೆಯ ಹೊಳಲ್ಕೆರೆ ತಾಲ್ಲೂಕಿನ ತಾಳ್ಯ ಹೋಬಳಿಯಲ್ಲಿ ಹಿಂಗಾರು ಮಳೆ ಮುಗಿದು ಇಬ್ಬನಿ ಬೀಳಲು ಶುರುವಾದರೆ ಕುರಿ ಸಾಕುವ ಮನೆಗಳಲ್ಲಿ ಒಂದು ಮಾತು ಮತ್ತೆ ಮತ್ತೆ ಕೇಳುತ್ತದೆ: ‘ಮರಿಗೆ ಶೀತ ಆಗೈತೆ.’ ಮೂಗಿನಲ್ಲಿ ಸಿಂಬಳ, ಬೆಳಗಿನ ಹೊತ್ತು ನಾಲ್ಕು ಕೆಮ್ಮು, ಅಷ್ಟೇ. ಎರಡು ದಿನ ಕಳೆದ ಮೇಲೆ ಮಾತು ಬದಲಾಗುತ್ತದೆ: ‘ದಮ್ಮು ಹತ್ತೈತೆ, ಹಾಲು ಕುಡೀತಿಲ್ಲ.’ ಪಶುವೈದ್ಯರಿಗೆ ಫೋನ್ ಹೋಗುವುದು ಆಗ. ಅಷ್ಟರಲ್ಲಿ ಪುಪ್ಪುಸದ ಅರ್ಧ ಭಾಗ ಗಟ್ಟಿಯಾಗಿ ಕೂತಿರುತ್ತದೆ. ಆಮೇಲೆ ಕೊಡುವ ಚುಚ್ಚುಮದ್ದು ಎಷ್ಟೇ ಬೆಲೆಯದಾದರೂ ಅದರ ಕೆಲಸ ಅರ್ಧಕ್ಕರ್ಧ ಕಡಿಮೆ.

2019ರ ಜಾನುವಾರು ಗಣತಿಯಂತೆ ಕರ್ನಾಟಕದಲ್ಲಿ ಸುಮಾರು 1.1 ಕೋಟಿ ಕುರಿಗಳಿವೆ. ದೇಶದಲ್ಲಿ ತೆಲಂಗಾಣ ಮತ್ತು ಆಂಧ್ರಪ್ರದೇಶದ ನಂತರದ ಸ್ಥಾನ ನಮ್ಮದು. ರಾಜ್ಯದೊಳಗೆ ಹೆಚ್ಚು ಕುರಿಗಳಿರುವ ಜಿಲ್ಲೆಗಳಲ್ಲಿ ಚಿತ್ರದುರ್ಗವೂ ಒಂದು. ಇಲ್ಲಿ ಕುರಿಯೆಂದರೆ ಕಷ್ಟಕ್ಕಾಗುವ ಕೈಕಾಸು. ಮಗಳ ಮದುವೆ, ಆಸ್ಪತ್ರೆ ಖರ್ಚು, ಬೋರ್‌ವೆಲ್ ಸಾಲ, ಯಾವುದಕ್ಕಾದರೂ ಸಂತೆಗೆ ಮೊದಲು ಹೋಗುವುದು ಟಗರು. ಮಂದೆಯಲ್ಲಿ ಮರಿಗಳು ಉಳಿಯದಿದ್ದರೆ ಮುಂದಿನ ವರ್ಷದ ಲೆಕ್ಕವೇ ತಪ್ಪುತ್ತದೆ. ಹಾಗೆ ಮರಿಗಳನ್ನು ಹೊತ್ತೊಯ್ಯುವ ಕಾರಣಗಳಲ್ಲಿ ನ್ಯುಮೋನಿಯ ಮುಂಚೂಣಿಯಲ್ಲಿದೆ.

ಈ ಲೇಖನದಲ್ಲಿ ನಾನು ಒತ್ತಿ ಹೇಳಬೇಕೆಂದಿರುವುದು ಒಂದೇ ವಿಷಯ. ನಮ್ಮ ಮಂದೆಗಳ ನ್ಯುಮೋನಿಯಕ್ಕೆ ಚಳಿಗಿಂತ ದೊಡ್ಡ ಕಾರಣ ರಾತ್ರಿ ಕುರಿ ಮಲಗುವ ಜಾಗ. ಅದನ್ನು ಸರಿಪಡಿಸಲು ದುಡ್ಡಿಗಿಂತ ಹೆಚ್ಚಾಗಿ ಕಣ್ಣು ಬೇಕು, ಮೂಗು ಬೇಕು.

ರೋಗಾಣು ಎಲ್ಲಿಂದ ಬರುತ್ತದೆ?

ಹೊರಗಿನಿಂದಲೇ ಬರಬೇಕೆಂದಿಲ್ಲ. ಮ್ಯಾನ್‌ಹೀಮಿಯ, ಪಾಶ್ಚುರೆಲ್ಲ ಎಂಬ ಬ್ಯಾಕ್ಟೀರಿಯಾಗಳು ಆರೋಗ್ಯವಾಗಿರುವ ಕುರಿಯ ಮೂಗು, ಗಂಟಲಲ್ಲೇ ವಾಸ ಮಾಡುತ್ತವೆ. ಕುರಿ ಗಟ್ಟಿಯಾಗಿರುವಷ್ಟು ದಿನ ಅವುಗಳ ಆಟ ನಡೆಯುವುದಿಲ್ಲ. ಶ್ವಾಸನಾಳದ ಒಳಗೋಡೆಯಲ್ಲಿ ಕಣ್ಣಿಗೆ ಕಾಣದಷ್ಟು ಸಣ್ಣ ರೋಮಗಳಿವೆ. ಧೂಳು, ಲೋಳೆ, ರೋಗಾಣು ಯಾವುದೇ ಇರಲಿ, ಅದನ್ನು ಈ ರೋಮಗಳು ಹಗಲೂ ರಾತ್ರಿ ಮೇಲಕ್ಕೆ ತಳ್ಳುತ್ತಿರುತ್ತವೆ. ಅವು ಸುಸ್ತಾದ ದಿನ ರೋಗಾಣು ಪುಪ್ಪುಸಕ್ಕೆ ಇಳಿಯುತ್ತದೆ.

ಸುಸ್ತು ಮಾಡುವುದು ಯಾವುದು? ಮುಖ್ಯವಾಗಿ ಅಮೋನಿಯ. ಉಚ್ಚೆ, ಹಿಕ್ಕೆ ಕೂಡಿ ನೆನೆದ ನೆಲದಿಂದ ಏಳುವ ಆ ಖಾರವಾದ ಗಾಳಿ. ಚಳಿಗೆ ಹೆದರಿ ರೊಪ್ಪದ ನಾಲ್ಕೂ ಕಡೆ ಟಾರ್ಪಾಲು ಬಿಗಿದು ಕಟ್ಟುವುದು ನಮ್ಮಲ್ಲಿ ಸಾಮಾನ್ಯ. ಒಳಗೆ ಬೆಚ್ಚಗಿರುವುದೇನೋ ನಿಜ. ಆದರೆ ಬೆಳಗಿನ ಜಾವದ ಹೊತ್ತಿಗೆ ಕುರಿಗಳ ಉಸಿರಿನ ತೇವವೆಲ್ಲ ಟಾರ್ಪಾಲಿನ ಒಳಮೈಗೆ ಹನಿಗಟ್ಟಿ ಬೆನ್ನ ಮೇಲೆ ತೊಟ್ಟಿಕ್ಕುತ್ತಿರುತ್ತದೆ, ನೆಲದಿಂದ ಅಮೋನಿಯ ಏಳುತ್ತಿರುತ್ತದೆ. ನಿಂತ ಮನುಷ್ಯನಿಗೆ ಇದು ಅಷ್ಟಾಗಿ ಗೊತ್ತಾಗುವುದಿಲ್ಲ. ಬೆಳಗ್ಗೆ ಬಾಗಿಲು ತೆಗೆಯುವ ಮುಂಚೆ ಒಳಗೆ ಹೋಗಿ, ಮರಿ ಮಲಗುವ ಎತ್ತರಕ್ಕೆ ಕುಕ್ಕರುಗಾಲಿನಲ್ಲಿ ಕುಳಿತು ಎರಡು ನಿಮಿಷ ಉಸಿರಾಡಿ ನೋಡಿ. ಕಣ್ಣು ಉರಿದರೆ, ಮೂಗಿಗೆ ಘಾಟು ಹೊಡೆದರೆ, ಆ ರೊಪ್ಪದಲ್ಲಿ ಕೆಮ್ಮು ಹುಟ್ಟುವುದು ಖಂಡಿತ. ಇದಕ್ಕಿಂತ ಸುಲಭವಾದ ಪರೀಕ್ಷೆ ಇನ್ನೊಂದಿಲ್ಲ.

ಹಾಗೆಂದು ರೊಪ್ಪವನ್ನು ಬಯಲು ಮಾಡಬೇಕಿಲ್ಲ. ಕುರಿ ಮಲಗಿದಾಗ ಅದರ ಮೈಗೆ ಗಾಳಿ ನೇರ ಬಡಿಯಬಾರದು, ಮಾಡಿನ ಕೆಳಗೆ ಮಾತ್ರ ಗಾಳಿ ಆಡಬೇಕು. ಅಂದರೆ ಗೋಡೆ ಅಥವಾ ತಡಿಕೆ ನೆಲದಿಂದ ಮೂರು ನಾಲ್ಕು ಅಡಿವರೆಗೆ ಸಂದಿಲ್ಲದಂತಿರಲಿ, ಅದರ ಮೇಲೆ ತೆರೆದಿರಲಿ. ಟಾರ್ಪಾಲು ಕಟ್ಟುವುದಾದರೆ ಗಾಳಿ ಬೀಸುವ ಕಡೆ, ಅದೂ ಕೆಳಭಾಗಕ್ಕೆ ಕಟ್ಟಿ. ದೊಡ್ಡ ಕುರಿಯೊಂದಕ್ಕೆ ಕನಿಷ್ಠ ಹತ್ತು ಚದರಡಿ ಜಾಗ ಬೇಕು. ಹತ್ತಕ್ಕೆ ಸಾಲುವ ಕಡೆ ಇಪ್ಪತ್ತು ತುರುಕಿದರೆ ಯಾವ ಔಷಧಿಯೂ ಕಾಯಲಾರದು.

ಸುಣ್ಣದ ವಿಷಯ ಇಲ್ಲೇ ಹೇಳಿಬಿಡುತ್ತೇನೆ. ವಾಸನೆ ಹೋಗಲೆಂದು ಒದ್ದೆ ಹಿಕ್ಕೆಯ ಮೇಲೇ ಸುಣ್ಣ ಎರಚುವವರಿದ್ದಾರೆ. ಅದರಿಂದ ಅಮೋನಿಯ ಇನ್ನೂ ಜೋರಾಗಿ ಹೊರಬರುತ್ತದೆ. ಮೊದಲು ಗೊಬ್ಬರ ಬಳಿದು ತೆಗೆಯಿರಿ, ನೆಲ ಒಣಗಲು ಬಿಡಿ, ಆಮೇಲೆ ಸುಣ್ಣ ಹಾಕಿ, ಅದರ ಮೇಲೆ ಒಣ ರಾಗಿಹುಲ್ಲು ಹರಡಿ. ದೊಡ್ಡ ಕುರಿಗಳು ಮೇಯಲು ಹೋದಾಗ ಎಳೆಮರಿಗಳನ್ನು ಬಿದಿರಿನ ಗೂಡೆಯಡಿ ಮುಚ್ಚಿಡುವವರು ಗೂಡೆಯ ಜಾಗವನ್ನು ದಿನವೂ ಬದಲಿಸಬೇಕು. ಅಡಿಗೆ ಹಾಸಿದ ಹುಲ್ಲನ್ನು ಮುಷ್ಟಿಯಲ್ಲಿ ಹಿಂಡಿದಾಗ ಅಂಗೈಗೆ ಪಸೆ ಹತ್ತಿದರೆ ಅದು ಬದಲಿಸಬೇಕಾದ ಹುಲ್ಲು.

ಹೊಳಲ್ಕೆರೆ ಸೀಮೆಗೆ ಸೇರಿದ ಇನ್ನೊಂದು ಮಾತಿದೆ. ಇಲ್ಲಿ ಅಡಿಕೆ, ತೆಂಗಿನ ತೋಟಗಳಲ್ಲಿ ಗೊಬ್ಬರಕ್ಕಾಗಿ ಕುರಿ ತರುಬುವುದುಂಟು. ತೋಟದವರಿಗೂ ಲಾಭ, ಕುರಿಯವರಿಗೂ ಕಾಸು. ಆದರೆ ನೀರು ಬಿಟ್ಟ ತೋಟದ ನೆಲ, ಮೇಲೆ ಇಬ್ಬನಿ, ಬಿಸಿಲು ತಡವಾಗಿ ಬೀಳುವ ನೆರಳು, ಮೂರೂ ಸೇರಿದರೆ ಬೆಳಗಾಗುವ ಹೊತ್ತಿಗೆ ಕುರಿಯ ಹೊಟ್ಟೆಯಡಿಯ ತುಪ್ಪಟ ತೊಯ್ದಿರುತ್ತದೆ. ತರುಬುವ ಮಾತಾಡುವಾಗಲೇ ‘ಎರಡು ಮೂರು ದಿನ ಮುಂಚೆ ನೀರು ಬಿಡಬೇಡಿ’ ಎಂದು ತೋಟದವರಿಗೆ ಹೇಳಿ. ಎಳೆಮರಿ, ಈಯಲು ಬಂದ ಕುರಿಗಳನ್ನು ಮನೆ ರೊಪ್ಪದಲ್ಲೇ ಉಳಿಸಿ. ತುಪ್ಪಟ ಕತ್ತರಿಸುವುದನ್ನೂ ಜಡಿಮಳೆಯ ಅಥವಾ ಕೊರೆಯುವ ಚಳಿಯ ವಾರಕ್ಕೆ ಇಟ್ಟುಕೊಳ್ಳಬೇಡಿ.

ಒಂದು ನಿಮಿಷದ ಎಣಿಕೆ

ರೋಗವನ್ನು ಮೊದಲ ದಿನವೇ ಹಿಡಿಯುವ ಉಪಾಯ ಮರಿಯ ಪಕ್ಕೆಯಲ್ಲಿದೆ. ಬೆಳಗಿನ ತಂಪಿನಲ್ಲಿ, ಕುರಿಗಳನ್ನು ಎಬ್ಬಿಸುವ ಮೊದಲು ನಾಲ್ಕು ಮಾರು ದೂರ ನಿಂತು ಪಕ್ಕೆಯ ಏರಿಳಿತ ನೋಡಿ. ಒಂದು ಸಲ ಏರಿ ಇಳಿದರೆ ಒಂದು ಉಸಿರು. ಫೋನಿನಲ್ಲಿ ಒಂದು ನಿಮಿಷ ಇಟ್ಟುಕೊಂಡು ಎಣಿಸಿ. ಆರಾಮಾಗಿ ಮಲಗಿರುವ ದೊಡ್ಡ ಕುರಿ ನಿಮಿಷಕ್ಕೆ 12ರಿಂದ 20 ಸಲ ಉಸಿರಾಡುತ್ತದೆ. ಮರಿಗಳದ್ದು ಅದಕ್ಕಿಂತ ಹೆಚ್ಚು. ಮಧ್ಯಾಹ್ನದ ಬಿಸಿಲಲ್ಲಿ, ಓಡಿಸಿ ತಂದ ಮೇಲೆ, ದಟ್ಟ ತುಪ್ಪಟವಿದ್ದಾಗ ಲೆಕ್ಕ ಏರುವುದು ಸಹಜ. ಅದಕ್ಕೇ ಬೆಳಗಿನ ತಂಪು ಎಂದದ್ದು. ಆ ಹೊತ್ತಿನಲ್ಲೂ ಮಲಗಿದ ದೊಡ್ಡ ಕುರಿಯೊಂದು 40 ದಾಟಿತೆಂದರೆ, ಅಥವಾ ಒಂದು ಮರಿ ಅದೇ ವಯಸ್ಸಿನ ಪಕ್ಕದ ಮರಿಗಳಿಗಿಂತ ಎದ್ದು ಕಾಣುವಂತೆ ಜೋರಾಗಿ ಉಸಿರೆಳೆಯುತ್ತಿದೆಯೆಂದರೆ, ಅದನ್ನು ಹಿಡಿದು ಬೇರೆ ಕಟ್ಟಿ.

ಮುಂದಿನದು ಜ್ವರ. ಮೆಡಿಕಲ್ ಅಂಗಡಿಯಲ್ಲಿ ಸಿಗುವ ಡಿಜಿಟಲ್ ಥರ್ಮಾಮೀಟರ್ ಸಾಕು. ಅದನ್ನು ಕುರಿಗೆಂದೇ ಬೇರೆ ಇಡಿ. ತುದಿಗೆ ಎಣ್ಣೆ ಸವರಿ ಗುದದೊಳಗೆ ಮೆಲ್ಲಗೆ ಇಟ್ಟು, ಗೋಡೆಗೆ ತಾಗುವಂತೆ ಸ್ವಲ್ಪ ಓರೆ ಮಾಡಿ ಹಿಡಿಯಿರಿ. ಕುರಿಯ ಸಹಜ ಮೈಬಿಸಿ ನಮಗಿಂತ ಹೆಚ್ಚು, 102ರಿಂದ 103.5 ಡಿಗ್ರಿ ಫ್ಯಾರನ್‌ಹೀಟ್. ತಂಪು ಹೊತ್ತಿನಲ್ಲಿ 104 ದಾಟಿದರೆ ಜ್ವರ. ಕಿವಿ ಮುಟ್ಟಿ ‘ಬೆಚ್ಚಗೈತೆ’ ಎನ್ನುವ ಅಂದಾಜನ್ನು ನಂಬಬೇಡಿ. ಜ್ವರವಿದ್ದಾಗಲೂ ಕಿವಿ ತಣ್ಣಗಿರಬಹುದು.

ಅನುಭವಸ್ಥ ಕುರಿಗಾರರಿಗೆ ಎಣಿಕೆಗಿಂತ ಮುಂಚೆಯೇ ಕಾಣುವ ಗುರುತುಗಳಿವೆ: ಮಂದೆ ಮುಂದೆ ಹೋದರೂ ಹಿಂದೆ ಉಳಿಯುವ ಕುರಿ, ಜೋತುಬಿದ್ದ ಕಿವಿ, ತಾಯಿಯ ಕೆಚ್ಚಲಿಗೆ ಹೋಗಿ ಗುದ್ದದೆ ಸುಮ್ಮನೆ ನಿಂತ ಮರಿ. ಸಿಂಬಳ ನೀರಾಗಿದ್ದು ಹಳದಿಯಾಗಿ ಗಟ್ಟಿಯಾದರೆ ರೋಗ ಬಲಿಯುತ್ತಿದೆ. ಕತ್ತು ಮುಂದಕ್ಕೆ ಚಾಚಿ, ಮುಂಗಾಲು ಅಗಲಿಸಿ, ಮೂಗಿನ ಹೊಳ್ಳೆ ಅರಳಿಸಿ, ಬಾಯಿ ತೆರೆದು ಉಸಿರಾಡಿದರೆ ಅದು ಗಂಟೆಗಳ ಲೆಕ್ಕದ ತುರ್ತು.

ಕೆಮ್ಮಿದ್ದೆಲ್ಲ ನ್ಯುಮೋನಿಯ ಅಲ್ಲ, ಅದೂ ಗೊತ್ತಿರಲಿ. ಪದೇಪದೇ ಸೀನುತ್ತಾ, ಮೂಗನ್ನು ನೆಲಕ್ಕೋ ಪಕ್ಕದ ಕುರಿಯ ತುಪ್ಪಟಕ್ಕೋ ಒತ್ತುತ್ತಾ, ಜ್ವರವಿಲ್ಲದೆ ಇದ್ದರೆ ಮೂಗಿನಲ್ಲಿ ನೊಣದ ಹುಳು ಇರಬಹುದು. ಒಂದು ಜಾತಿಯ ನೊಣ ಕುರಿಯ ಮೂಗಿನಲ್ಲೇ ಮರಿಹುಳುಗಳನ್ನು ಬಿಡುತ್ತದೆ. ಕೆರೆಯಂಗಳದ ಹಸಿಹುಲ್ಲು ಮೇಯುವ ಮಂದೆಯಲ್ಲಿ ವಾರಗಟ್ಟಲೆ ಒಣಕೆಮ್ಮು ಇದ್ದು ಕುರಿಗಳು ಸೊರಗುತ್ತಿದ್ದರೆ ಶ್ವಾಸನಾಳದ ಹುಳು ಇರಬಹುದು. ಹಿಕ್ಕೆ ಪರೀಕ್ಷೆಯಿಂದ ಅದು ತಿಳಿಯುತ್ತದೆ. ಇವೆರಡಕ್ಕೂ ಜಂತುನಾಶಕವೇ ಮದ್ದು. ಜಂತುನಾಶಕದಲ್ಲೂ ಎಲ್ಲವೂ ಎಲ್ಲಕ್ಕೂ ಆಗುವುದಿಲ್ಲ, ಹೊಸದಾಗಿ ಗಬ್ಬವಾದ ಕುರಿಗೆ ಕೆಲವನ್ನು ಕೊಡಲೇಬಾರದು. ವೈದ್ಯರನ್ನು ಕೇಳಿಯೇ ಕೊಡಿ.

ಗೊಟ್ಟ ಹಾಕುವಾಗ

ಮನೆಯವರ ಕೈಯಿಂದಲೇ ಬರುವ ಒಂದು ನ್ಯುಮೋನಿಯ ಇದೆ. ಅದನ್ನು ಹೇಳಲು ನನಗೆ ಬೇಸರವಾಗುತ್ತದೆ, ಏಕೆಂದರೆ ಅದು ಪ್ರೀತಿಯಿಂದ ಮಾಡುವ ಕೆಲಸದಲ್ಲೇ ಆಗುವ ಅನಾಹುತ. ಹೊಟ್ಟೆ ಉಬ್ಬರಿಸಿದ ಕುರಿಗೆ ಎಣ್ಣೆ, ಮೇವು ಬಿಟ್ಟ ಕುರಿಗೆ ಗಂಜಿ, ಕಷಾಯ. ಒಬ್ಬರು ತಲೆಯನ್ನು ಮೇಲಕ್ಕೆತ್ತಿ ಹಿಡಿದು, ಇನ್ನೊಬ್ಬರು ನಾಲಿಗೆ ಎಳೆದು ಬಿದಿರಿನ ಗೊಟ್ಟದಿಂದಲೋ ಬಾಟಲಿಯಿಂದಲೋ ಒಂದೇ ಸಲ ಸುರಿಯುತ್ತಾರೆ. ಮೂಗು ಆಕಾಶ ನೋಡುವಂತಿದ್ದರೆ ಕುರಿಗೆ ನುಂಗಲಾಗುವುದಿಲ್ಲ, ಸುರಿದದ್ದು ಶ್ವಾಸನಾಳಕ್ಕೆ ಇಳಿಯುತ್ತದೆ. ಎಣ್ಣೆಯಂತೂ ಇನ್ನೂ ಮೋಸ. ಅದು ಶ್ವಾಸನಾಳಕ್ಕೆ ಹೋದರೂ ಕುರಿ ಸರಿಯಾಗಿ ಕೆಮ್ಮುವುದಿಲ್ಲ, ಹೋದದ್ದೇ ನಮಗೆ ತಿಳಿಯುವುದಿಲ್ಲ. ಒಂದೆರಡು ದಿನ ಬಿಟ್ಟು ದಮ್ಮು ಶುರುವಾಗುತ್ತದೆ. ಹೀಗೆ ಬಂದ ನ್ಯುಮೋನಿಯದಲ್ಲಿ ಬದುಕುವ ಕುರಿಗಳು ಕಡಿಮೆ.

ಸರಿಯಾದ ರೀತಿ ಇದು. ಕುರಿ ನಿಂತಿರಲಿ. ಅದರ ಮೂಗು ಕಣ್ಣಿನ ಮಟ್ಟಕ್ಕಿಂತ ಮೇಲೆ ಹೋಗದಂತೆ ದವಡೆಯಡಿ ಕೈಯಿಟ್ಟು ಹಿಡಿಯಿರಿ. ನಾಲಿಗೆ ಎಳೆಯಬೇಡಿ. ಬಾಯಿಯ ಪಕ್ಕದಲ್ಲಿ, ಹಲ್ಲಿಲ್ಲದ ಸಂದಿನಿಂದ ಗೊಟ್ಟದ ತುದಿ ತೂರಿಸಿ ಒಂದು ಗುಟುಕಿನಷ್ಟು ಹಾಕಿ ನಿಲ್ಲಿಸಿ. ಗಂಟಲು ಆಡಿದ್ದು ಕಂಡ ಮೇಲೆ ಮುಂದಿನ ಗುಟುಕು. ನಡುವೆ ಕೆಮ್ಮಿದರೆ ತಕ್ಷಣ ತಲೆ ಬಿಟ್ಟುಬಿಡಿ. ಮಲಗಿ ಏಳಲಾಗದ ಕುರಿಗೆ, ಆಗಲೇ ದಮ್ಮು ಹತ್ತಿರುವ ಮರಿಗೆ ಗೊಟ್ಟ ಬೇಡವೇ ಬೇಡ.

ಬರೆ ಹಾಕುವುದರಿಂದಲೂ ಪುಪ್ಪುಸಕ್ಕೆ ಏನೂ ಪ್ರಯೋಜನವಿಲ್ಲ. ಸುಟ್ಟ ಗಾಯದ ನೋವಿಗೆ ಮರಿ ಹಾಲು ಕುಡಿಯುವುದನ್ನು ಇನ್ನಷ್ಟು ಕಡಿಮೆ ಮಾಡುತ್ತದೆ.

ಔಷಧಿ, ಲಸಿಕೆ

ಗುಣಪಡಿಸುವ ಔಷಧಿಗಳಿವೆ, ಬೇಗ ಕೊಟ್ಟರೆ ಚೆನ್ನಾಗಿ ಕೆಲಸ ಮಾಡುತ್ತವೆ. ಯಾವುದನ್ನು ಕೊಡಬೇಕೆಂಬುದು ರೋಗಾಣುವಿನ ಮೇಲೆ ನಿಂತಿದೆ. ಮೈಕೋಪ್ಲಾಸ್ಮ ಎಂಬ ಜಾತಿಯ ರೋಗಾಣುವಿಗೆ ಹೊರಕವಚವೇ ಇಲ್ಲ. ಆ ಕವಚವನ್ನು ಒಡೆದು ಕೊಲ್ಲುವ ಪೆನಿಸಿಲಿನ್ ಅದರ ಮೇಲೆ ನಡೆಯುವುದಿಲ್ಲ. ಮೇಕೆಗಳಲ್ಲಿ ಮಂದೆಗೆ ಮಂದೆಯನ್ನೇ ಹಿಡಿಯುವ ಸಾಂಕ್ರಾಮಿಕ ಪುಪ್ಪುಸ ರೋಗ ಬರುವುದು ಇದೇ ಜಾತಿಯಿಂದ. ಹೋದ ವರ್ಷ ಉಳಿದ ಬಾಟಲಿಯನ್ನು ಈ ವರ್ಷ ಚುಚ್ಚಿದರೆ ದುಡ್ಡೂ ಹೋಯಿತು, ದಿನವೂ ಹೋಯಿತು. ಮೇವು ಮುಟ್ಟಿತೆಂದು ಎರಡನೇ ದಿನಕ್ಕೇ ಚುಚ್ಚುಮದ್ದು ನಿಲ್ಲಿಸಿದರೆ ರೋಗ ಮರಳುತ್ತದೆ, ಮುಂದಿನ ಸಲ ಅದೇ ಮದ್ದು ನಾಟದೆ ಹೋಗಬಹುದು. ಚುಚ್ಚುಮದ್ದು ಕೊಟ್ಟ ಕುರಿಯನ್ನು ಎಷ್ಟು ದಿನ ಮಾಂಸಕ್ಕೆ ಮಾರಬಾರದೆಂದು ವೈದ್ಯರನ್ನು ಕೇಳಿ ಬರೆದಿಟ್ಟುಕೊಳ್ಳಿ. ನೋವಿಗೆಂದು ಮನುಷ್ಯರ ಡೈಕ್ಲೋಫಿನ್ಯಾಕ್ ಚುಚ್ಚುವುದು ಬೇಡ. ಅದನ್ನು ಕೊಟ್ಟ ಜಾನುವಾರುಗಳ ಹೆಣ ತಿಂದು ರಣಹದ್ದುಗಳು ನಾಶವಾದ ಕಾರಣ ಜಾನುವಾರುಗಳಿಗೆ ಅದರ ಬಳಕೆಯನ್ನು ದೇಶದಲ್ಲಿ 2006ರಲ್ಲೇ ನಿಷೇಧಿಸಲಾಗಿದೆ. ವೈದ್ಯರ ಬಳಿ ಬೇರೆ ನೋವುನಿವಾರಕಗಳಿವೆ.

ಒಂದೆರಡು ಮರಿಗೆ ಬರುವ ನ್ಯುಮೋನಿಯ ಬೇರೆ, ಒಂದೇ ವಾರದಲ್ಲಿ ಇಡೀ ಮಂದೆಗೆ ಹಬ್ಬುವುದು ಬೇರೆ. ಜೋರು ಜ್ವರ, ಕಣ್ಣು ಮೂಗು ಅಂಟಿಕೊಳ್ಳುವಷ್ಟು ಸ್ರಾವ, ಬಾಯಿಯೊಳಗೆ ಹುಣ್ಣು, ಕೆಟ್ಟ ನಾತ, ಆಮೇಲೆ ಭೇದಿ, ದಮ್ಮು, ಇಷ್ಟು ಕಂಡರೆ ಪಿಪಿಆರ್ ಎಂದು ಶಂಕಿಸಬೇಕು. ಹಳ್ಳಿಗಳಲ್ಲಿ ಇದನ್ನು ಹಿರೇಬೇನೆ ಎನ್ನುತ್ತಾರೆ. ಭಾರತದಲ್ಲಿ ಇದು ಮೊದಲು ಪತ್ತೆಯಾದದ್ದು 1987ರಲ್ಲಿ, ತಮಿಳುನಾಡಿನಲ್ಲಿ. ವೈರಸ್ಸಿನಿಂದ ಬರುವ ರೋಗವಾದ್ದರಿಂದ ಅದನ್ನೇ ಕೊಲ್ಲುವ ಮದ್ದಿಲ್ಲ. ಲಸಿಕೆ ಮಾತ್ರ ಬಹಳ ಒಳ್ಳೆಯದಿದೆ. ಮೂರು ತಿಂಗಳು ದಾಟಿದ ಮರಿಗೆ ಒಮ್ಮೆ ಹಾಕಿಸಿದರೆ ಸುಮಾರು ಮೂರು ವರ್ಷ ರಕ್ಷಣೆ. ಜಗತ್ತಿನಿಂದಲೇ ಈ ರೋಗವನ್ನು 2030ರೊಳಗೆ ಅಳಿಸುವ ಗುರಿಯಿದೆ. ದನಗಳ ದೊಡ್ಡರೋಗವನ್ನು 2011ರಲ್ಲಿ ಹೀಗೆಯೇ ಅಳಿಸಿದ ಇತಿಹಾಸ ಇರುವುದರಿಂದ ಇದು ಬರೀ ಆಸೆಯಲ್ಲ.

ಮಳೆಗಾಲಕ್ಕೆ ಮುಂಚೆ ಹಾಕುವ ಗಳಲೆ ರೋಗದ ಲಸಿಕೆಯನ್ನೂ ಬಿಡಬೇಡಿ. ಆದರೆ ಅದು ಪಾಶ್ಚುರೆಲ್ಲದ ಒಂದು ಬಗೆಗೆ ಮಾತ್ರ. ‘ಲಸಿಕೆ ಹಾಕಿಸಿದ್ದೀವಲ್ಲ, ಆದರೂ ಕೆಮ್ಮು ಯಾಕೆ?’ ಎಂದು ಕೇಳುವವರಿಗೆ ಉತ್ತರ ಅದೇ. ಬೆಂಗಳೂರಿನ ಹೆಬ್ಬಾಳದಲ್ಲಿರುವ ಪಶು ಆರೋಗ್ಯ ಮತ್ತು ಜೈವಿಕ ಸಂಸ್ಥೆ ಜಾನುವಾರುಗಳ ಲಸಿಕೆ ತಯಾರಿಸುತ್ತದೆ. ಮೈಸೂರು ಸಂಸ್ಥಾನದ ಕಾಲದಲ್ಲಿ ಸೀರಂ ಇನ್‌ಸ್ಟಿಟ್ಯೂಟ್ ಆಗಿ ಶುರುವಾದ ಸಂಸ್ಥೆ ಅದು. ಅಷ್ಟು ದೂರದಿಂದ ಐಸಿನಲ್ಲಿ ಬಂದ ಲಸಿಕೆ ನಮ್ಮ ಊರಿನ ಬಿಸಿಲಿನಲ್ಲಿ ಕಾಯುತ್ತಾ ಕೂತರೆ ವ್ಯರ್ಥ. ಲಸಿಕೆಯ ದಿನ ಮಂದೆಯನ್ನು ಮೇಯಲು ಬಿಡದೆ ಬೆಳಗ್ಗೆಯೇ ಒಂದು ಕಡೆ ಸೇರಿಸಿಡಿ.

ಸಂತೆಯಿಂದ ತಂದ ಕುರಿಯನ್ನು ಮೂರು ವಾರ ಬೇರೆ ಕಟ್ಟಿ, ಬೇರೆ ನೀರು, ಬೇರೆ ಮೇವು ಕೊಡಿ. ಗಾಡಿಯಲ್ಲಿ ನಿಂತು ಬಂದ ದಣಿವು, ಹತ್ತಾರು ಮಂದೆಗಳ ಉಸಿರು ತಾಗಿದ್ದು, ಎಲ್ಲ ಹೊರಬೀಳುವುದು ಈ ಮೂರು ವಾರದಲ್ಲಿ.

ಮರಿಗೆ ಸಿಗುವ ಮೊದಲ ಲಸಿಕೆಯೆಂದರೆ ಗಿಣ್ಣುಹಾಲು. ‘ಕಸ ಬೀಳಲಿ, ಆಮೇಲೆ ಕುಡಿಸೋಣ’ ಎಂದು ಕಾಯುವ ರೂಢಿ ಇನ್ನೂ ಇದೆ, ಅದನ್ನು ಬಿಡಲೇಬೇಕು. ತಾಯಿಯ ರೋಗನಿರೋಧಕ ಕಣಗಳು ಮರಿಯ ಕರುಳಿನಿಂದ ರಕ್ತಕ್ಕೆ ಸೇರುವುದು ಹುಟ್ಟಿದ ಮೊದಲ ಕೆಲವು ಗಂಟೆಗಳಲ್ಲೇ ಹೆಚ್ಚು. ಒಂದು ದಿನ ಕಳೆದರೆ ಆ ಬಾಗಿಲು ಮುಚ್ಚುತ್ತದೆ. ಮರಿ ಹುಟ್ಟಿದ ಗಂಟೆಯೊಳಗೆ ಮೊದಲ ಗಿಣ್ಣು. ಕೆಚ್ಚಲು ಹಿಡಿಯಲಾಗದ ಮರಿಗೆ ಹಿಂಡಿ ಕುಡಿಸಿ, ಮರಿಯ ತೂಕದ ಪ್ರತಿ ಕೆಜಿಗೆ 50 ಮಿಲಿಯಂತೆ ಒಂದು ಸಲಕ್ಕೆ, ಮೊದಲ ದಿನದಲ್ಲಿ ನಾಲ್ಕು ಸಲ.

   

ಮರಿ ಸತ್ತರೆ

ಕೂಡಲೇ ಹೂಳಬೇಡಿ, ವೈದ್ಯರಿಗೆ ತಿಳಿಸಿ. ಮರಣೋತ್ತರ ಪರೀಕ್ಷೆಯಲ್ಲಿ ಗೊತ್ತಾಗುವುದು ಬದುಕಿದ್ದಾಗ ಗೊತ್ತಾಗದು. ಆರೋಗ್ಯವಂತ ಪುಪ್ಪುಸ ತಿಳಿಗುಲಾಬಿ ಬಣ್ಣದ್ದು, ಒತ್ತಿದರೆ ಮೆತ್ತಗೆ, ಚೂರು ಕತ್ತರಿಸಿ ಬಕೆಟ್ ನೀರಿಗೆ ಹಾಕಿದರೆ ತೇಲುತ್ತದೆ. ನ್ಯುಮೋನಿಯ ಹಿಡಿದದ್ದು ಕಡುಗೆಂಪಾಗಿ ಈಲಿಯ ಹಾಗೆ ಗಟ್ಟಿಯಾಗಿರುತ್ತದೆ, ಆ ಚೂರು ತಳಕ್ಕೆ ಮುಳುಗುತ್ತದೆ. ತನ್ನ ರೊಪ್ಪದ ಮರಿಯ ಪುಪ್ಪುಸ ಹೀಗೆ ಮುಳುಗಿದ್ದನ್ನು ಕಣ್ಣಾರೆ ಕಂಡವರಿಗೆ ಟಾರ್ಪಾಲು ಬಿಚ್ಚಿರೆಂದು ಎರಡನೇ ಸಲ ಹೇಳಬೇಕಾಗುವುದಿಲ್ಲ. ಪರೀಕ್ಷೆಗೆ ಕಳಿಸಿದ ಮಾದರಿಯಿಂದ ಯಾವ ಮದ್ದು ನಾಟುತ್ತದೆಂಬುದೂ ತಿಳಿಯುತ್ತದೆ. ಸತ್ತ ಕುರಿಗೆ ಸರ್ಕಾರ ಕೊಡುವ ಅನುಗ್ರಹ ಯೋಜನೆಯ ಪರಿಹಾರಕ್ಕೂ ವೈದ್ಯರು ಬಂದು ಪರೀಕ್ಷಿಸಿ ದೃಢಪಡಿಸುವುದು ಅಗತ್ಯ.

ಒಂದು ಎಚ್ಚರಿಕೆ: ಮೂಗು, ಬಾಯಿ, ಗುದದಿಂದ ಕಪ್ಪು ರಕ್ತ ಬಂದು ದಿಢೀರನೆ ಸತ್ತ ಕುರಿಯನ್ನು ಯಾರೂ ಕೊಯ್ಯಬಾರದು, ಸುಲಿಯಬಾರದು. ಅದು ನೆರಡಿ ರೋಗವಿರಬಹುದು, ಮನುಷ್ಯರಿಗೂ ಹರಡುತ್ತದೆ.

ಇವತ್ತೇ ಎರಡು ನಂಬರ್ ಫೋನಿನಲ್ಲಿ ಸೇವ್ ಮಾಡಿಕೊಳ್ಳಿ. ಒಂದು ನಿಮ್ಮ ಹೋಬಳಿಯ ಪಶುವೈದ್ಯರದ್ದು, ಇನ್ನೊಂದು ಸಂಚಾರಿ ಪಶು ಚಿಕಿತ್ಸಾಲಯದ 1962. ಮೇಯಿಸಲು ಹೋಗುವವರ ಫೋನಿನಲ್ಲಷ್ಟೇ ಅಲ್ಲ, ಹಗಲೆಲ್ಲ ಮರಿಗಳ ಜೊತೆ ಮನೆಯಲ್ಲಿರುವ ಹೆಣ್ಣುಮಕ್ಕಳ ಫೋನಿನಲ್ಲೂ ಇರಲಿ. ಫೋನ್ ಮಾಡಿದಾಗ ‘ಶೀತ ಆಗೈತೆ’ ಎಂದಷ್ಟೇ ಹೇಳಬೇಡಿ. ಮರಿಯ ವಯಸ್ಸೆಷ್ಟು, ನಿಮಿಷಕ್ಕೆ ಉಸಿರೆಷ್ಟು, ಜ್ವರವೆಷ್ಟು, ಎಷ್ಟು ಕುರಿಗೆ ಬಂದಿದೆ, ಯಾವ ಲಸಿಕೆ ಯಾವಾಗ ಹಾಕಿಸಿದ್ದು, ಇವೈದನ್ನು ಹೇಳಿ. ಯಾವ ಮದ್ದು ತರಬೇಕು, ಎಷ್ಟು ಬೇಗ ಬರಬೇಕು ಎಂಬುದು ವೈದ್ಯರಿಗೆ ಅಲ್ಲಿಂದಲೇ ತಿಳಿಯುತ್ತದೆ.